ಜನನ ದಾಖಲೆಯಲ್ಲಿ ಹೆಸರು ತಪ್ಪಾಗಿದ್ದರೆ ಮೊದಲು ಮೂಲ ರಿಜಿಸ್ಟರ್ ನೋಡಿ

ಪಾಸ್‌ಪೋರ್ಟಿಗೆ ಅರ್ಜಿ ಹಾಕುವಾಗಲೋ ಮಗುವನ್ನು ಶಾಲೆಗೆ ಸೇರಿಸುವಾಗಲೋ ಜನನ ಪ್ರಮಾಣಪತ್ರವನ್ನು ಕಪಾಟಿನಿಂದ ಹೊರತೆಗೆದು, ತಾಯಿಯ ಹೆಸರು ‘ಸುಮಿತ್ರ’ ಎಂದಿರಬೇಕಾದ ಕಡೆ ‘ಸುಚಿತ್ರ’ ಎಂದಿರುವುದನ್ನು ಆಗಷ್ಟೇ ಗಮನಿಸುವವರು ಬಹಳ ಮಂದಿ. ಗಾಬರಿಯಲ್ಲಿ ಹೆಚ್ಚಿನವರು ಮೊದಲು ಹೋಗುವುದು ನೋಟರಿಯ ಬಳಿಗೆ. ಅಫಿಡವಿಟ್ ಮಾಡಿಸಿ, ಯಾರೋ ಹೇಳಿದರೆಂದು ಪತ್ರಿಕೆಯಲ್ಲಿ ಜಾಹೀರಾತನ್ನೂ ಕೊಟ್ಟು, ಆಮೇಲೆ ನೋಂದಣಿ ಕಚೇರಿಗೆ ಹೋದರೆ ಅಲ್ಲಿ ಕೇಳುವ ಕಾಗದಗಳೇ ಬೇರೆಯಾಗಿರುತ್ತವೆ. ಕರ್ನಾಟಕದಲ್ಲಿ ನೋಂದಣಿಯಾದ ಜನನಗಳ ದಾಖಲೆಯಲ್ಲಿ ಮಗುವಿನ ಅಥವಾ ತಂದೆತಾಯಿಯ ಹೆಸರು ತಪ್ಪಾಗಿದ್ದರೆ ಯಾವ ಕೆಲಸವನ್ನು ಮೊದಲು, ಯಾವುದನ್ನು ಆಮೇಲೆ ಮಾಡಬೇಕು ಎಂಬುದನ್ನು ಇಲ್ಲಿ ವಿವರಿಸಿದ್ದೇನೆ.

ನಮ್ಮ ಕೈಯಲ್ಲಿರುವ ಪ್ರಮಾಣಪತ್ರವು ಮೂಲ ದಾಖಲೆಯಲ್ಲ ಎಂಬುದನ್ನು ಎಲ್ಲಕ್ಕಿಂತ ಮೊದಲು ತಿಳಿದುಕೊಳ್ಳಬೇಕು. 1969ರ ಜನನ ಮತ್ತು ಮರಣಗಳ ನೋಂದಣಿ ಕಾಯ್ದೆಯ ಪ್ರಕಾರ, ಆಸ್ಪತ್ರೆಯಲ್ಲಿ ಹೆರಿಗೆಯಾದರೆ ಆಸ್ಪತ್ರೆಯ ಮುಖ್ಯಸ್ಥರು, ಮನೆಯಲ್ಲಾದರೆ ಮನೆಯ ಯಜಮಾನರು 21 ದಿನಗಳೊಳಗೆ ಜನನದ ವರದಿಯನ್ನು ನೋಂದಣಾಧಿಕಾರಿಗೆ ಕೊಡಬೇಕು. ಈ ವರದಿಯನ್ನು ತುಂಬುವುದು ನಮೂನೆ 1ರಲ್ಲಿ. ಆ ವರದಿಯ ಕಾನೂನು ಭಾಗವೇ ಜನನ ರಿಜಿಸ್ಟರಿನ ಪುಟವಾಗುತ್ತದೆ. ನಮಗೆ ಸಿಗುವ ನಮೂನೆ 5ರ ಪ್ರಮಾಣಪತ್ರವು ಆ ಪುಟದ ವಿವರಗಳನ್ನು ಎತ್ತಿ ಬರೆದ ಪ್ರತಿ ಮಾತ್ರ. ಹೀಗಾಗಿ ತಪ್ಪು ನುಸುಳಲು ಮೂರು ಜಾಗಗಳಿವೆ: ಆಸ್ಪತ್ರೆಯವರು ನಮೂನೆ ತುಂಬುವಾಗ ಆಗಿರಬಹುದು, ರಿಜಿಸ್ಟರಿಗೆ ಅಥವಾ ತಂತ್ರಾಂಶಕ್ಕೆ ಏರಿಸುವಾಗ ಆಗಿರಬಹುದು, ಇಲ್ಲವೇ ಹಳೆಯ ಕೈಬರಹದ ರಿಜಿಸ್ಟರನ್ನು ನೋಡಿ ಪ್ರಮಾಣಪತ್ರ ಬರೆದುಕೊಡುವಾಗ ಆಗಿರಬಹುದು. ತಪ್ಪು ಎಲ್ಲಿ ಆಗಿದೆ ಎಂಬುದರ ಮೇಲೆ ಮುಂದಿನ ದಾರಿ ಪೂರ್ತಿಯಾಗಿ ಬದಲಾಗುತ್ತದೆ.

ನಮ್ಮ ಕುಟುಂಬದಲ್ಲೇ ನಡೆದ ಒಂದು ಸಂಗತಿಯನ್ನು ಹೇಳುತ್ತೇನೆ. ತಂಗಿಯ ಮಗನ ಪ್ರಮಾಣಪತ್ರದಲ್ಲಿ ತಂದೆಯ ಹೆಸರಿನ ‘ರಮಣ’ ಎಂಬುದು ‘ರಮನ’ ಆಗಿತ್ತು. ಎರಡು ತಿಂಗಳ ಕಾಲ ಅಫಿಡವಿಟ್, ಸಾಕ್ಷಿಗಳ ಹೇಳಿಕೆ, ಆಧಾರ್ ನಕಲು ಎಂದು ಓಡಾಡಿದ ಮೇಲೆ, ಹಿರಿಯ ಗುಮಾಸ್ತರೊಬ್ಬರು ಕಟ್ಟು ಬಿಚ್ಚಿ ಹಳೆಯ ರಿಜಿಸ್ಟರನ್ನೇ ತೆರೆದು ನೋಡಿದರು. ಅಲ್ಲಿ ಹೆಸರು ಸರಿಯಾಗಿಯೇ ಇತ್ತು. ಟೈಪು ಮಾಡಿದವರ ಕಣ್ಣಿಗೆ ‘ಣ’ ಅಕ್ಷರ ‘ನ’ ಎಂದು ಕಂಡಿತ್ತು, ಅಷ್ಟೆ. ಹೊಸ ಪ್ರಮಾಣಪತ್ರ ಅದೇ ವಾರ ಕೈಗೆ ಬಂತು, ಕೂಡಿಟ್ಟಿದ್ದ ಅಫಿಡವಿಟ್ ಯಾವ ಕೆಲಸಕ್ಕೂ ಬರಲಿಲ್ಲ.

ರಿಜಿಸ್ಟರ್ ನೋಡುವುದಕ್ಕೆ ಯಾರ ಕೃಪೆಯೂ ಬೇಕಿಲ್ಲ. ಕಾಯ್ದೆಯ 17ನೇ ಕಲಂ ಪ್ರಕಾರ ಯಾರೇ ಆಗಲಿ ನಿಗದಿತ ಶುಲ್ಕ ಕಟ್ಟಿ ನೋಂದಣಾಧಿಕಾರಿಯಿಂದ ರಿಜಿಸ್ಟರಿನಲ್ಲಿ ಹುಡುಕಿಸಬಹುದು, ಜನನಕ್ಕೆ ಸಂಬಂಧಿಸಿದ ನಮೂದಿನ ದೃಢೀಕೃತ ಪ್ರತಿಯನ್ನು ಕೇಳಬಹುದು. ಪ್ರಮಾಣಪತ್ರದ ಮೇಲಿರುವ ನೋಂದಣಿ ಸಂಖ್ಯೆ ಮತ್ತು ನೋಂದಣಿ ದಿನಾಂಕವನ್ನು ಬರೆದುಕೊಂಡು ಹೋದರೆ ಹುಡುಕುವುದು ಸುಲಭ. ಜನ್ಮದಿನಾಂಕವೇ ಬೇರೆ, ನೋಂದಣಿ ದಿನಾಂಕವೇ ಬೇರೆ. ರಿಜಿಸ್ಟರಿನಲ್ಲಿ ಪುಟಗಳು ಸಾಗುವುದು ನೋಂದಣಿಯ ಕ್ರಮದಲ್ಲಿ ಎಂಬುದನ್ನು ಮರೆತು ಹುಟ್ಟಿದ ತಾರೀಕನ್ನಷ್ಟೇ ಹೇಳಿ, ‘ದಾಖಲೆ ಸಿಗುತ್ತಿಲ್ಲ’ ಎಂಬ ಉತ್ತರ ಪಡೆದು ಮರಳಿ ಬಂದವರಿದ್ದಾರೆ.

ಯಾವ ಕಚೇರಿಗೆ ಹೋಗಬೇಕು ಎಂಬುದರಲ್ಲಿಯೂ ನಮ್ಮವರು ಎಡವುವುದುಂಟು. ಜನನದ ನೋಂದಣಿಯು ಕುಟುಂಬ ವಾಸವಿರುವ ಊರಿನಲ್ಲಲ್ಲ, ಮಗು ಹುಟ್ಟಿದ ಊರಿನಲ್ಲಿ ಆಗುತ್ತದೆ. ನಮ್ಮಲ್ಲಿ ಚೊಚ್ಚಲ ಹೆರಿಗೆಗೆ ಹೆಣ್ಣುಮಕ್ಕಳು ತವರಿಗೆ ಹೋಗುವುದು ರೂಢಿ. ಆದ್ದರಿಂದ ಮೈಸೂರಿನಲ್ಲಿ ಸಂಸಾರ ಮಾಡುತ್ತಿರುವವರ ಮಗುವಿನ ದಾಖಲೆ ಹುಬ್ಬಳ್ಳಿಯಲ್ಲಿರಬಹುದು, ಅದನ್ನು ತಿದ್ದುವ ಅಧಿಕಾರವೂ ಅಲ್ಲಿನ ನೋಂದಣಾಧಿಕಾರಿಗೇ ಇರುತ್ತದೆ. ಪ್ರಮಾಣಪತ್ರದಲ್ಲಿ ನೋಂದಣಿ ಘಟಕದ ಹೆಸರು, ತಾಲ್ಲೂಕು, ಜಿಲ್ಲೆ ನಮೂದಾಗಿರುತ್ತವೆ. ಆ ಸಾಲನ್ನು ಓದಿಕೊಂಡೇ ಹೊರಡಬೇಕು. ಪಟ್ಟಣಗಳಲ್ಲಿ ಇದು ಸಾಮಾನ್ಯವಾಗಿ ಪುರಸಭೆ, ನಗರಸಭೆ ಅಥವಾ ಮಹಾನಗರ ಪಾಲಿಕೆಯ ಜನನ ಮರಣ ವಿಭಾಗ. ಹಳ್ಳಿಗಳಲ್ಲಿ ಬಹುಕಾಲದಿಂದ ಈ ಕೆಲಸ ಗ್ರಾಮ ಲೆಕ್ಕಿಗರದು, ಅಂದರೆ ಈಗಿನ ಗ್ರಾಮ ಆಡಳಿತಾಧಿಕಾರಿಗಳದು; ಹಳೆಯ ವರ್ಷಗಳ ರಿಜಿಸ್ಟರುಗಳನ್ನು ತಾಲ್ಲೂಕು ಕಚೇರಿಯಲ್ಲಿ ವಿಚಾರಿಸಬೇಕಾಗುತ್ತದೆ. ಬೆಂಗಳೂರಿನಲ್ಲಿ ಪಾಲಿಕೆಯನ್ನು 2025ರ ಸೆಪ್ಟೆಂಬರಿನಲ್ಲಿ ಐದು ನಗರಪಾಲಿಕೆಗಳಾಗಿ ವಿಂಗಡಿಸಿರುವುದರಿಂದ, ಹಳೆಯ ವಾರ್ಡಿನ ದಾಖಲೆಗಳು ಈಗ ಯಾವ ಕಚೇರಿಯಲ್ಲಿವೆ ಎಂಬುದನ್ನು ಮೊದಲೇ ಕೇಳಿಕೊಂಡು ಹೋಗುವುದು ಒಳ್ಳೆಯದು. ಇಡೀ ರಾಜ್ಯದ ನೋಂದಣಿ ನಡೆಯುವುದು ಇ-ಜನ್ಮ ಎಂಬ ತಂತ್ರಾಂಶದಲ್ಲಿ, ಆರ್ಥಿಕ ಮತ್ತು ಸಾಂಖ್ಯಿಕ ನಿರ್ದೇಶನಾಲಯದ ಮೇಲ್ವಿಚಾರಣೆಯಲ್ಲಿ. ಆ ನಿರ್ದೇಶನಾಲಯದ ನಿರ್ದೇಶಕರೇ ರಾಜ್ಯದ ಮುಖ್ಯ ನೋಂದಣಾಧಿಕಾರಿ.

ಕಾನೂನು ಏನು ಹೇಳುತ್ತದೆ

ತಿದ್ದುಪಡಿಯ ಅಧಿಕಾರ ಇರುವುದು ಕಾಯ್ದೆಯ 15ನೇ ಕಲಮಿನಲ್ಲಿ. ನಮೂದು ತಪ್ಪಾಗಿದೆಯೆಂದು ನೋಂದಣಾಧಿಕಾರಿಗೆ ಮನದಟ್ಟಾದರೆ, ಮೂಲ ನಮೂದನ್ನು ಹೊಡೆದುಹಾಕದೆ, ಅಳಿಸದೆ, ಅದರ ಪಕ್ಕದ ಅಂಚಿನಲ್ಲಿ ಸರಿಯಾದ ವಿವರವನ್ನು ಬರೆದು, ಸಹಿ ಮಾಡಿ, ದಿನಾಂಕ ಹಾಕಬೇಕೆಂದು ಈ ಕಲಂ ಹೇಳುತ್ತದೆ. ಹಳೆಯ ತಪ್ಪು ಹೆಸರು ರಿಜಿಸ್ಟರಿನಲ್ಲಿ ಎಂದೆಂದಿಗೂ ಉಳಿಯುತ್ತದೆ. ‘ಆ ತಪ್ಪು ಹೆಸರು ಎಲ್ಲೂ ಕಾಣಿಸಬಾರದು’ ಎಂದು ಹಟ ಹಿಡಿಯುವವರಿಗೆ ಕಾನೂನಿನಲ್ಲಿ ದಾರಿಯಿಲ್ಲ. ನನ್ನ ದೃಷ್ಟಿಯಲ್ಲಿ ಇದು ಒಳ್ಳೆಯದೇ, ಏಕೆಂದರೆ ಅಳಿಸಿ ಬರೆದ ದಾಖಲೆಯನ್ನು ಯಾವ ಕಚೇರಿಯೂ ನಂಬುವುದಿಲ್ಲ.

ಈ ಕಲಮಿಗೆ ಹೊಂದಿಕೊಂಡಂತೆ 1999ರ ಕರ್ನಾಟಕ ನಿಯಮಗಳ 11ನೇ ನಿಯಮವು ತಪ್ಪುಗಳನ್ನು ಬೇರೆಬೇರೆಯಾಗಿ ನೋಡುತ್ತದೆ. ಕಾಗುಣಿತದ ತಪ್ಪು, ಅಕ್ಷರಪಲ್ಲಟ, ಕೈತಪ್ಪಿನಿಂದ ಬಿಟ್ಟುಹೋದ ಅಕ್ಷರ ಮುಂತಾದ ಬರವಣಿಗೆಯ ದೋಷಗಳಾದರೆ ನೋಂದಣಾಧಿಕಾರಿಯೇ ವಿಚಾರಣೆ ಮಾಡಿ, ತಪ್ಪಾಗಿರುವುದು ಖಚಿತವಾದರೆ ತಿದ್ದಿ, ಆ ವಿಷಯವನ್ನು ಮೇಲಿನ ಅಧಿಕಾರಿಗೆ ವರದಿ ಮಾಡುತ್ತಾರೆ. ನಮೂದಿನ ತಿರುಳೇ ತಪ್ಪಾಗಿದ್ದರೆ, ಉದಾಹರಣೆಗೆ ತಾಯಿಯ ಹೆಸರಿನ ಜಾಗದಲ್ಲಿ ಅಜ್ಜಿಯ ಹೆಸರೇ ಬಂದಿದ್ದರೆ, ವಿಷಯ ಗೊತ್ತಿರುವ ಇಬ್ಬರು ನಂಬಲರ್ಹ ವ್ಯಕ್ತಿಗಳು ತಪ್ಪು ಏನು, ನಿಜ ಏನು ಎಂಬುದನ್ನು ಬರೆದುಕೊಡುವ ಘೋಷಣೆ ಬೇಕಾಗುತ್ತದೆ. ಮೋಸದಿಂದ ಮಾಡಿಸಿದ ನಮೂದುಗಳ ವಿಷಯ ಬೇರೆಯೇ ಆಗಿರುವುದರಿಂದ ಅದನ್ನು ಇಲ್ಲಿ ಚರ್ಚಿಸುವುದಿಲ್ಲ.

‘ಕೋರ್ಟಿನ ಆದೇಶ ತನ್ನಿ’ ಎಂದು ಹೇಳಿ ಕಳಿಸುವ ಅಭ್ಯಾಸ ಕೆಲವು ಕಚೇರಿಗಳಲ್ಲಿ ಇದೆ. ಬಹುಶಃ ಒಂದು ವರ್ಷ ದಾಟಿದ ವಿಳಂಬ ನೋಂದಣಿಗೆ ಮ್ಯಾಜಿಸ್ಟ್ರೇಟರ ಆದೇಶ ಬೇಕಾಗುವ 13ನೇ ಕಲಮಿನ ವ್ಯವಸ್ಥೆಯನ್ನು ತಿದ್ದುಪಡಿಯ ಜೊತೆ ಬೆರೆಸಿಕೊಳ್ಳುವುದು ಇದಕ್ಕೆ ಕಾರಣ. ಆದರೆ ಈಗಾಗಲೇ ನೋಂದಣಿಯಾಗಿರುವ ಹೆಸರಿನ ಕಾಗುಣಿತ ತಿದ್ದುವುದಕ್ಕೆ 15ನೇ ಕಲಂ ನೋಂದಣಾಧಿಕಾರಿಗೇ ಅಧಿಕಾರ ಕೊಟ್ಟಿದೆ. ಅರ್ಜಿಯ ಮೊದಲ ಸಾಲಿನಲ್ಲೇ ಈ ಕಲಂ ಮತ್ತು ನಿಯಮದ ಸಂಖ್ಯೆಯನ್ನು ಬರೆದರೆ ಮಾತು ಬೇಗ ದಾರಿಗೆ ಬರುತ್ತದೆ.

ಅಕ್ಷರಗಳ ತೊಡಕು

ಕರ್ನಾಟಕದ ಪ್ರಮಾಣಪತ್ರದಲ್ಲಿ ಹೆಸರು ಕನ್ನಡದಲ್ಲೂ ಇಂಗ್ಲಿಷಿನಲ್ಲೂ ಇರುತ್ತದೆ. ತಪ್ಪುಗಳಲ್ಲಿ ದೊಡ್ಡ ಪಾಲು ಹುಟ್ಟುವುದು ಈ ಎರಡು ಲಿಪಿಗಳ ನಡುವೆ. ಕನ್ನಡದ ‘ತ’ ಅಕ್ಷರಕ್ಕೆ ಒಬ್ಬರು ಇಂಗ್ಲಿಷಿನ ಟಿ ಒಂದನ್ನೇ ಹಾಕುತ್ತಾರೆ, ನಮ್ಮ ಕಡೆಯ ರೂಢಿಯಂತೆ ಇನ್ನೊಬ್ಬರು ಟಿ ಮತ್ತು ಎಚ್ ಎರಡನ್ನೂ ಹಾಕುತ್ತಾರೆ. ಹೀಗೆ ‘ಸವಿತ’ ಎಂಬ ಒಂದೇ ಹೆಸರಿಗೆ ಎರಡು ಇಂಗ್ಲಿಷ್ ರೂಪಗಳಾಗುತ್ತವೆ. ‘ಲಕ್ಷ್ಮಿ’ಯ ಒತ್ತಕ್ಷರಕ್ಕೆ ಕೆಲವರು ಎಕ್ಸ್ ಬಳಸುತ್ತಾರೆ. ‘ಮಂಜುನಾಥ’ ಎಂಬ ಹೆಸರಿನ ಕೊನೆಯ ಅಕಾರಕ್ಕೆ ಇಂಗ್ಲಿಷಿನಲ್ಲಿ ಎ ಬರೆಯಬೇಕೋ ಬೇಡವೋ ಎಂಬುದು ಒಂದೇ ಮನೆಯಲ್ಲಿ ತಂದೆಗೆ ಒಂದು ಥರ, ಮಗನ ಶಾಲೆಗೆ ಇನ್ನೊಂದು ಥರ ಇರುತ್ತದೆ. ಇಂಗ್ಲಿಷಿನಿಂದ ಕನ್ನಡಕ್ಕೆ ಬರುವಾಗಲೂ ಹೀಗೆಯೇ: ‘ಚಂದನ್’ ಎಂಬ ಗಂಡುಮಗು ‘ಚಂದನಾ’ ಆಗಿಬಿಡಬಹುದು, ‘ಮಾಳವಿಕಾ’ ಎಂಬವಳು ‘ಮಾಲವಿಕಾ’ ಆಗಬಹುದು.

ಇನ್ನೊಂದು ತಪ್ಪು ಕಣ್ಣಿಗೆ ಬೀಳುವುದೇ ಕಷ್ಟ. ಕೀಲಿಮಣೆಯಲ್ಲಿ ಅರ್ಕಾವತ್ತು ಮೂಡಿಸಲು ಬಾರದವರು ಅದರ ಬದಲು ಕನ್ನಡದ ಒಂಬತ್ತರ ಅಂಕಿಯನ್ನು ಒತ್ತುತ್ತಾರೆ, ‘ಕೀರ್ತನಾ’ ಎಂಬುದು ‘ಕೀತ೯ನಾ’ ಆಗುತ್ತದೆ. ಕಾಗದದ ಮೇಲೆ ಓದುವಾಗ ಏನೂ ವ್ಯತ್ಯಾಸ ಅನ್ನಿಸುವುದಿಲ್ಲ, ಕಂಪ್ಯೂಟರಿಗೆ ಮಾತ್ರ ಅದು ಅಂಕಿ ಸೇರಿದ ಬೇರೆಯೇ ಪದ. ಹೆಸರಿನಲ್ಲಿ ಅರ್ಕಾವತ್ತು ಇರುವವರು ಪ್ರಮಾಣಪತ್ರವನ್ನು ಒಮ್ಮೆ ಹತ್ತಿರ ಹಿಡಿದು ನೋಡುವುದು ಒಳ್ಳೆಯದು.

ಹೀಗಿರುವುದರಿಂದ ಅರ್ಜಿಯಲ್ಲಿ ಯಾವ ಲಿಪಿಯಲ್ಲಿ ತಪ್ಪಿದೆ ಎಂಬುದನ್ನು ಬೇರೆಯಾಗಿ ಹೇಳಬೇಕು. ಕನ್ನಡದಲ್ಲಿ ಸರಿಯಿದ್ದು ಇಂಗ್ಲಿಷಿನಲ್ಲಿ ಮಾತ್ರ ತಪ್ಪಿದ್ದರೆ ಹಾಗೆಂದೇ ಬರೆಯಿರಿ, ಏಕೆಂದರೆ ಅದು ನಿಮ್ಮ ಪರವಾದ ಒಳ್ಳೆಯ ಪುರಾವೆ: ಅದೇ ದಾಖಲೆಯ ಕನ್ನಡ ರೂಪವೇ ಇಂಗ್ಲಿಷ್ ರೂಪದ ತಪ್ಪನ್ನು ತೋರಿಸುತ್ತದೆ. ಪಾಸ್‌ಪೋರ್ಟಿನವರು ನೋಡುವುದು ಇಂಗ್ಲಿಷ್ ಅಕ್ಷರಗಳನ್ನು. ಆದುದರಿಂದ ತಿದ್ದುಪಡಿ ಕೇಳುವ ಮೊದಲು ಮನೆಯವರೆಲ್ಲ ಕುಳಿತು ತಂದೆತಾಯಿಯ ಆಧಾರ್, ಪ್ಯಾನ್, ಎಸ್‌ಎಸ್‌ಎಲ್‌ಸಿ ಅಂಕಪಟ್ಟಿಗಳನ್ನು ಎದುರಿಗಿಟ್ಟುಕೊಂಡು ಯಾವ ಒಂದು ರೂಪ ಬೇಕೆಂದು ತೀರ್ಮಾನಿಸಬೇಕು. ಒಮ್ಮೆ ತಿದ್ದಿಸಿದ್ದನ್ನು ಮತ್ತೊಮ್ಮೆ ತಿದ್ದಿಸಲು ಹೋದರೆ ಯಾವ ಅಧಿಕಾರಿಗಾದರೂ ಸಂಶಯ ಬರುತ್ತದೆ.

ಪುರಾವೆ ಯಾವುದು ತೂಕದ್ದು

ನೋಂದಣಾಧಿಕಾರಿಯ ಮುಂದಿರುವ ಪ್ರಶ್ನೆ ಈಗ ನೀವು ಯಾವ ಹೆಸರು ಬಳಸುತ್ತಿದ್ದೀರಿ ಎಂಬುದಲ್ಲ, ನಮೂದು ಮಾಡಿದ ದಿನ ನಿಜವಾದ ವಿವರ ಏನಿತ್ತು ಎಂಬುದು. ಇದನ್ನು ಅರ್ಥಮಾಡಿಕೊಂಡರೆ ಯಾವ ಕಾಗದ ಮುಖ್ಯ ಎಂಬುದು ತಾನಾಗಿ ಗೊತ್ತಾಗುತ್ತದೆ. ಹೋದ ವರ್ಷ ಮಾಡಿಸಿದ ಆಧಾರ್‌ಗಿಂತ ಹೆರಿಗೆಯ ಕಾಲದ ತಾಯಿ ಕಾರ್ಡ್, ಆಸ್ಪತ್ರೆಯ ಬಿಡುಗಡೆ ಚೀಟಿ, ಲಸಿಕೆಯ ಪುಸ್ತಕ ಇವುಗಳ ತೂಕ ಹೆಚ್ಚು. ತಂದೆಯ ಅಥವಾ ತಾಯಿಯ ಹೆಸರಿನ ವಿಷಯವಾದರೆ, ಮಗು ಹುಟ್ಟುವ ಮೊದಲೇ ಅವರಿಗೆ ಸಿಕ್ಕಿದ್ದ ಅಂಕಪಟ್ಟಿ, ಶಾಲೆಯ ವರ್ಗಾವಣೆ ಪತ್ರ, ವಿವಾಹ ನೋಂದಣಿ ಪತ್ರ ಇವು ಗಟ್ಟಿ ಆಧಾರಗಳು. ತಾಯಿ ಕಾರ್ಡನ್ನು ಹೆರಿಗೆಯ ನಂತರ ಬಿಸಾಡುವವರೇ ಹೆಚ್ಚು. ಅದನ್ನು ಜೋಪಾನವಾಗಿಟ್ಟವರು ಇಂಥ ಹೊತ್ತಿನಲ್ಲಿ ಒಂದು ಅಲೆದಾಟ ಉಳಿಸಿಕೊಳ್ಳುತ್ತಾರೆ.

ತಪ್ಪು ಆಸ್ಪತ್ರೆಯ ನಮೂನೆಯಲ್ಲೇ ಆಗಿದ್ದರೆ ಮೊದಲು ಆಸ್ಪತ್ರೆಗೆ ಹೋಗಬೇಕು. ದಾಖಲಾಗುವ ಗಡಿಬಿಡಿಯಲ್ಲಿ ಜೊತೆಗಿದ್ದ ಅಜ್ಜಿ ಮನೆಯಲ್ಲಿ ಕರೆಯುವ ಹೆಸರನ್ನೇ ಹೇಳಿರುವುದು, ತವರಿನ ಕಡೆಯವರು ಮದುವೆಗೆ ಮುಂಚಿನ ಅಡ್ಡಹೆಸರನ್ನು ಬರೆಸಿರುವುದು ತೀರ ಸಾಮಾನ್ಯ. ಅಲ್ಲಿನ ದಾಖಲೆ ವಿಭಾಗದಲ್ಲಿ ತಾಯಿ ದಾಖಲಾದ ದಿನಾಂಕ ಹೇಳಿ, ಕೇಸ್ ಶೀಟಿನಲ್ಲಿ ಯಾವ ಹೆಸರಿದೆ ಎಂದು ನೋಡಿಸಿ, ನೋಂದಣಾಧಿಕಾರಿಗೆ ಬರೆದ ಒಂದು ಪತ್ರವನ್ನು ಆಸ್ಪತ್ರೆಯ ಮೊಹರಿನೊಂದಿಗೆ ಪಡೆಯಿರಿ. ಈ ಪತ್ರವಿದ್ದರೆ ನೋಂದಣಾಧಿಕಾರಿಯ ವಿಚಾರಣೆಯ ಬಹುಪಾಲು ಕೆಲಸ ಮುಗಿದಂತೆ.

ಇಬ್ಬರು ಸಾಕ್ಷಿಗಳ ಘೋಷಣೆ ಬೇಕಾದಾಗ, ಅಂದಿನ ವಿಷಯ ನಿಜವಾಗಿ ಗೊತ್ತಿರುವವರನ್ನೇ ಆರಿಸಬೇಕು. ಕಚೇರಿಯ ಬಾಗಿಲಲ್ಲಿ ಸಿಗುವ ‘ಸಾಕ್ಷಿ’ಗಳ ಸಹವಾಸ ಬೇಡ; ಸುಳ್ಳು ಘೋಷಣೆ ಶಿಕ್ಷಾರ್ಹ ಅಪರಾಧ. ಒಬ್ಬರು ಕುಟುಂಬದ ಹಿರಿಯರು, ಇನ್ನೊಬ್ಬರು ಆಶಾ ಕಾರ್ಯಕರ್ತೆಯೋ ನೆರೆಮನೆಯವರೋ ಆಗಿದ್ದರೆ ಹೇಳಿಕೆಗೆ ಬಲ ಬರುತ್ತದೆ. ಕಚೇರಿಯವರು ಅಫಿಡವಿಟ್ ಕೇಳಿದರೆ, ರಾಜ್ಯದಲ್ಲಿ ಅದರ ಮುದ್ರಾಂಕ ಶುಲ್ಕ ಈಗ 20 ರೂಪಾಯಿಯಲ್ಲ, 100 ರೂಪಾಯಿ. ಹಳೆಯ ದರದ ಇ-ಸ್ಟ್ಯಾಂಪ್ ತೆಗೆದುಕೊಂಡು ಹೋಗಬೇಡಿ.

ಅರ್ಜಿ ಬರೆಯುವ ಬಗೆ

ಅರ್ಜಿ ಒಂದು ಪುಟ ದಾಟಬಾರದು. ಇಡೀ ಅರ್ಜಿಯಲ್ಲಿ ‘ತಿದ್ದುಪಡಿ’ ಎಂಬ ಪದವನ್ನೇ ಬಳಸಿ, ‘ಬದಲಾವಣೆ’ ಎಂಬ ಪದ ಎಲ್ಲಿಯೂ ಬಾರದಂತೆ ನೋಡಿಕೊಳ್ಳಿ. ಹೆಸರಿನ ಬದಲಾವಣೆ ಎಂದು ಬರೆದ ಕೂಡಲೇ ಕಡತ ಬೇರೆಯೇ ಮೇಜಿಗೆ ಹೋಗುತ್ತದೆ, ರಾಜ್ಯಪತ್ರ, ಜಾಹೀರಾತು ಮುಂತಾದ ಪ್ರಶ್ನೆಗಳು ಹುಟ್ಟಿಕೊಳ್ಳುತ್ತವೆ. ಅರ್ಜಿಯ ಒಡಲು ಹೀಗಿರಬಹುದು:

‘ಮೇಲ್ಕಂಡ ನೋಂದಣಿ ಸಂಖ್ಯೆಯಲ್ಲಿ ನೋಂದಾಯಿತವಾಗಿರುವ ನನ್ನ ಮಗಳ ಜನನದ ನಮೂದಿನಲ್ಲಿ ತಾಯಿಯ ಹೆಸರು ಕನ್ನಡದಲ್ಲಿ ಸುಚಿತ್ರ ಎಂದು ತಪ್ಪಾಗಿ ದಾಖಲಾಗಿರುತ್ತದೆ. ಸರಿಯಾದ ಹೆಸರು ಸುಮಿತ್ರ. ಇದು ಬರವಣಿಗೆಯ ದೋಷವಾಗಿದ್ದು, ನೋಂದಣಿಗೆ ಮುಂಚಿನ ದಿನಾಂಕದ ನನ್ನ ಅಂಕಪಟ್ಟಿ, ತಾಯಿ ಕಾರ್ಡ್ ಹಾಗೂ ಆಸ್ಪತ್ರೆಯ ಪತ್ರವನ್ನು ಲಗತ್ತಿಸಿದ್ದೇನೆ. 1969ರ ಕಾಯ್ದೆಯ 15ನೇ ಕಲಂ ಮತ್ತು 1999ರ ನಿಯಮಗಳ 11ನೇ ನಿಯಮದಂತೆ ನಮೂದನ್ನು ತಿದ್ದುಪಡಿ ಮಾಡಿ, ತಿದ್ದುಪಡಿಯಾದ ಪ್ರಮಾಣಪತ್ರವನ್ನು ನೀಡಬೇಕೆಂದು ಕೋರುತ್ತೇನೆ.’

ತಪ್ಪು ರೂಪವನ್ನೂ ಸರಿ ರೂಪವನ್ನೂ ಎರಡು ಲಿಪಿಗಳಲ್ಲಿ, ಇಂಗ್ಲಿಷಿನದನ್ನು ದೊಡ್ಡ ಅಕ್ಷರಗಳಲ್ಲಿ, ಒಂದರ ಕೆಳಗೊಂದು ಬರೆದು ಒಂದು ಚಿಕ್ಕ ಪಟ್ಟಿಯನ್ನು ಲಗತ್ತಿಸಿದರೆ ಟೈಪು ಮಾಡುವವರಿಗೆ ಮತ್ತೊಂದು ತಪ್ಪು ಮಾಡಲು ಆಸ್ಪದವಿರುವುದಿಲ್ಲ. ಮೂಲ ಕಾಗದಗಳನ್ನು ತೋರಿಸಿ, ನಕಲುಗಳನ್ನಷ್ಟೇ ಕೊಟ್ಟು ಬನ್ನಿ. ಅರ್ಜಿಯನ್ನು ಕೈಯಿಂದ ಕೈಗೆ ಕೊಟ್ಟು ಬರಬಾರದು. ಟಪಾಲು ವಿಭಾಗದಲ್ಲಿ ಕೊಟ್ಟು, ನಿಮ್ಮ ಪ್ರತಿಯ ಮೇಲೆ ಮೊಹರು ಮತ್ತು ದಿನಾಂಕ ಹಾಕಿಸಿಕೊಳ್ಳಬೇಕು.

ಆಗುವುದಿಲ್ಲ ಎಂದರೆ ಆ ಮಾತನ್ನು ಬರವಣಿಗೆಯಲ್ಲಿ ಕೇಳಿ. ಕಾರಣ ಸಹಿತವಾದ ಹಿಂಬರಹ ಕೈಗೆ ಬಂದರೆ ಮುಂದಿನ ದಾರಿ ತೆರೆಯುತ್ತದೆ. 2023ರಲ್ಲಿ ಕಾಯ್ದೆಗೆ ಆದ ತಿದ್ದುಪಡಿ ಅದೇ ವರ್ಷದ ಅಕ್ಟೋಬರ್ 1ರಿಂದ ಜಾರಿಯಲ್ಲಿದೆ. ಅದರಂತೆ ನೋಂದಣಾಧಿಕಾರಿಯ ಆದೇಶದ ವಿರುದ್ಧ 30 ದಿನಗಳೊಳಗೆ ಜಿಲ್ಲಾ ನೋಂದಣಾಧಿಕಾರಿಗೆ, ಅಲ್ಲಿಯೂ ಆಗದಿದ್ದರೆ ಮುಖ್ಯ ನೋಂದಣಾಧಿಕಾರಿಗೆ ಮೇಲ್ಮನವಿ ಸಲ್ಲಿಸಬಹುದು. ಮೇಲ್ಮನವಿಯನ್ನು 90 ದಿನಗಳಲ್ಲಿ ತೀರ್ಮಾನಿಸಬೇಕೆಂದು ಕಾಯ್ದೆಯೇ ಹೇಳುತ್ತದೆ. ಅರ್ಜಿ ಎಲ್ಲಿದೆಯೆಂದೇ ತಿಳಿಯದಿದ್ದರೆ 10 ರೂಪಾಯಿ ಶುಲ್ಕದೊಂದಿಗೆ ಮಾಹಿತಿ ಹಕ್ಕಿನಡಿ ಕಡತದ ಸ್ಥಿತಿಯನ್ನು ಕೇಳಬಹುದು, ನನ್ನ ಅನುಭವದಲ್ಲಿ ಎಷ್ಟೋ ಸಲ ಈ ಅರ್ಜಿ ತಲುಪುತ್ತಿದ್ದಂತೆಯೇ ಕಡತವೂ ಮೇಲೆದ್ದು ಬರುತ್ತದೆ.

ಹೆಸರೇ ಇಲ್ಲದಿದ್ದರೆ, ಹೆಸರೇ ಬೇರೆ ಬೇಕಾದರೆ

ನಾಮಕರಣಕ್ಕೆ ಮೊದಲೇ ನೋಂದಣಿಯಾಗಿ ಮಗುವಿನ ಹೆಸರಿನ ಜಾಗ ಖಾಲಿ ಉಳಿದಿದ್ದರೆ ಅದು ತಿದ್ದುಪಡಿಯೇ ಅಲ್ಲ. 14ನೇ ಕಲಂ ಅಡಿಯಲ್ಲಿ ನೋಂದಣಿಯ ದಿನದಿಂದ 12 ತಿಂಗಳೊಳಗೆ ಶುಲ್ಕವಿಲ್ಲದೆ, ಅನಂತರ ವಿಳಂಬ ಶುಲ್ಕ ಕಟ್ಟಿ 15 ವರ್ಷದವರೆಗೆ ಹೆಸರನ್ನು ಸೇರಿಸಬಹುದು.

ಜಾತಕ ನೋಡಿಸಿ ಹೊಸ ಹೆಸರಿಟ್ಟೆವು, ಅದನ್ನೇ ಹಾಕಿಕೊಡಿ ಎಂಬ ಬೇಡಿಕೆ ಮಾತ್ರ ತಿದ್ದುಪಡಿಯ ಚೌಕಟ್ಟಿಗೆ ಹೊಂದುವುದಿಲ್ಲ, ಏಕೆಂದರೆ ಮೊದಲು ಬರೆದದ್ದು ಆ ದಿನ ನಿಜವೇ ಆಗಿತ್ತು. ಇಂಥ ಪ್ರಕರಣವೊಂದರಲ್ಲಿ ಕರ್ನಾಟಕ ಹೈಕೋರ್ಟ್ 2025ರಲ್ಲಿ, ಶಾಸನದಲ್ಲಿ ಸೂಕ್ತ ತಿದ್ದುಪಡಿ ಬರುವವರೆಗೆ ತಂದೆತಾಯಿಯ ಪ್ರಮಾಣೀಕೃತ ಹೇಳಿಕೆ ಪಡೆದು, ಗುರುತು ಪರಿಶೀಲಿಸಿ, ಹಳೆಯ ಹೆಸರಿನ ಜೊತೆಗೆ ಹೊಸ ಹೆಸರನ್ನು ಅಂಚಿನಲ್ಲಿ ನಮೂದಿಸಬಹುದೆಂದು ಹೇಳಿದೆ. ಹೆಸರು ಬದಲಿಸಬೇಕೆನ್ನುವವರು ಆ ತೀರ್ಪಿನ ಪ್ರತಿಯನ್ನು ವಕೀಲರ ಮೂಲಕ ತರಿಸಿಕೊಂಡು ಅರ್ಜಿ ಹಾಕುವುದು ಲೇಸು.

ತಿದ್ದುಪಡಿಯಾದ ಮೇಲೆ

ಹೊಸ ಪ್ರಮಾಣಪತ್ರವನ್ನು ಕಚೇರಿಯ ಕಟ್ಟೆ ಇಳಿಯುವ ಮೊದಲೇ ಓದಿ. ಹೆಸರನ್ನಲ್ಲದೆ ದಿನಾಂಕ, ಲಿಂಗ, ವಿಳಾಸ, ನೋಂದಣಿ ಸಂಖ್ಯೆ ಎಲ್ಲವನ್ನೂ ಎರಡೂ ಲಿಪಿಗಳಲ್ಲಿ ನೋಡಬೇಕು. ಒಂದನ್ನು ತಿದ್ದಲು ಹೋಗಿ ಮತ್ತೊಂದನ್ನು ಕೆಡಿಸಿದ ಉದಾಹರಣೆಗಳಿವೆ. ಷರಾ ಕಾಲಮಿನಲ್ಲಿ ತಿದ್ದುಪಡಿಯ ಉಲ್ಲೇಖವಿದ್ದರೆ ಅದನ್ನು ಕಳಂಕವೆಂದು ಭಾವಿಸಬೇಕಿಲ್ಲ. ಕೈಬರಹದ ರಿಜಿಸ್ಟರಿನಲ್ಲಿ ಮಾತ್ರ ತಿದ್ದಿ ಇ-ಜನ್ಮದಲ್ಲಿ ಬಿಟ್ಟಿದ್ದರೆ, ಮುಂದೆ ಯಾರಾದರೂ ಆನ್‌ಲೈನಿನಲ್ಲಿ ಪರಿಶೀಲಿಸಿದಾಗ ಹಳೆಯ ಹೆಸರೇ ಕಾಣಿಸುತ್ತದೆ, ಆದ್ದರಿಂದ ತಂತ್ರಾಂಶದಲ್ಲೂ ತಿದ್ದಿದ್ದಾರೆಯೇ ಎಂದು ಕೇಳಿ ಖಚಿತಪಡಿಸಿಕೊಳ್ಳಿ. ನಾಲ್ಕೈದು ಪ್ರತಿಗಳನ್ನು ಒಟ್ಟಿಗೇ ತೆಗೆದುಕೊಳ್ಳುವುದು ಅನುಕೂಲ.

ಹೊರದೇಶದಲ್ಲಿರುವ ಕನ್ನಡಿಗರಿಗೆ ಒಂದು ಮಾತು: ಅಪೊಸ್ಟಿಲ್ ಮುದ್ರೆ, ಅಂದರೆ ನಮ್ಮ ದಾಖಲೆ ಹೊರದೇಶದಲ್ಲಿ ಮಾನ್ಯವಾಗಲು ಹಾಕಿಸುವ ದೃಢೀಕರಣ, ಹಾಕಿಸುವ ಮುನ್ನ ತಿದ್ದುಪಡಿ ಮುಗಿಸಿಕೊಳ್ಳಿ. ಆ ಮುದ್ರೆ ನಿರ್ದಿಷ್ಟ ಕಾಗದಕ್ಕೆ ಸೇರಿದ್ದು. ಪ್ರಮಾಣಪತ್ರ ಹೊಸದಾದರೆ ಅದನ್ನೂ ಹೊಸದಾಗಿ ಹಾಕಿಸಬೇಕಾಗುತ್ತದೆ. ಊರಿನಲ್ಲಿರುವ ಅಣ್ಣನೋ ಚಿಕ್ಕಪ್ಪನೋ ನಿಮ್ಮ ಪರವಾಗಿ ಓಡಾಡುವುದಾದರೆ, ಅವರಿಗೆ ಅಧಿಕಾರ ಕೊಟ್ಟ ಪತ್ರವನ್ನು ಅಲ್ಲಿನ ಭಾರತೀಯ ದೂತಾವಾಸದಲ್ಲಿ ದೃಢೀಕರಿಸಿ ಕಳಿಸಿದರೆ ಕಚೇರಿಯಲ್ಲಿ ತಕರಾರು ಬರುವುದಿಲ್ಲ.

ಉಳಿದ ದಾಖಲೆಗಳನ್ನು ಸರಿಪಡಿಸುವಾಗ ಜನನ ಪ್ರಮಾಣಪತ್ರ ಮೊದಲು, ಆಮೇಲೆ ಆಧಾರ್, ಆಮೇಲೆ ಶಾಲೆ ಮತ್ತು ಪಾಸ್‌ಪೋರ್ಟ್ ಎಂಬ ಕ್ರಮವನ್ನು ಇಟ್ಟುಕೊಳ್ಳಿ. 2023ರ ಅಕ್ಟೋಬರ್ 1 ಅಥವಾ ಅನಂತರ ಹುಟ್ಟಿದ ಮಕ್ಕಳಿಗೆ ಪಾಸ್‌ಪೋರ್ಟಿನಲ್ಲಿ ಜನ್ಮದಿನಾಂಕದ ಪುರಾವೆಯಾಗಿ ಜನನ ಪ್ರಮಾಣಪತ್ರವೊಂದೇ ನಡೆಯುತ್ತದೆ. ಆಧಾರ್‌ನಲ್ಲಿ ಹೆಸರು ತಿದ್ದಲು ಜೀವಮಾನದಲ್ಲಿ ಎರಡೇ ಅವಕಾಶ. ಜನನ ದಾಖಲೆ ಸರಿಯಾಗುವ ಮುನ್ನವೇ ಅದರಲ್ಲೊಂದನ್ನು ಕಳೆದುಕೊಳ್ಳಬೇಡಿ.